ಕಥೆ ಯಾರದು, ಪಾತ್ರ ಯಾರದು?

ಗಿರೀಶ ಕಾಸರವಳ್ಳಿಯವರ ಸಿನಿಮಾಗಳ ಮಾತು ಬಂದಾಗ ಎರಡು ಆಕ್ಷೇಪಗಳು ಕಿವಿಗೆ ಬೀಳುತ್ತವೆ. ಅನಂತಮೂರ್ತಿ, ತೇಜಸ್ವಿ, ಚಿತ್ತಾಲ, ನಾ. ಡಿಸೋಜ, ವೈದೇಹಿಯಂಥವರ ಕಥೆಗಳೇ ಕೈಯಲ್ಲಿರುವಾಗ ಒಳ್ಳೆಯ ಸಿನಿಮಾ ಮಾಡುವುದು ಏನು ಮಹಾ ಎಂಬುದು ಒಂದು. ಮೂಲಕಥೆಯನ್ನು ಅವರು ಇದ್ದ ಹಾಗೆ ಉಳಿಸಿಕೊಳ್ಳುವುದಿಲ್ಲ ಎಂಬುದು ಇನ್ನೊಂದು. ಒಂದು ಅವರನ್ನು ಬರೀ ನಕಲುಗಾರ ಎನ್ನುತ್ತದೆ, ಇನ್ನೊಂದು ನಕಲು ಸರಿಯಾಗಲಿಲ್ಲ ಎನ್ನುತ್ತದೆ. ಎರಡರ ಬೇರೂ ಒಂದೇ: ಚಿತ್ರಕಥೆ ಎಂದರೆ ಕಥೆಯನ್ನು ಸೀನುಗಳಾಗಿ ತುಂಡರಿಸುವ ಕೆಲಸ ಎಂಬ ತಪ್ಪು ತಿಳಿವಳಿಕೆ.

ಕಥೆಗಾರರಿಗೆ ಒಂದು ಅನುಕೂಲವಿದೆ. 'ಅವಳಿಗೆ ಅವಮಾನವಾಯಿತು' ಎಂದು ಬರೆದರೆ ಓದುಗನಿಗೆ ಅವಳ ಒಳಗು ತಿಳಿಯುತ್ತದೆ. ಕ್ಯಾಮೆರಾಕ್ಕೆ ಒಳಗು ಕಾಣದು. ಅದಕ್ಕೆ ಕಾಣುವುದು ಮುಖ, ಕೈ, ಹೊಸ್ತಿಲು, ಯಾರು ಎಲ್ಲಿ ಕೂತರು, ಯಾರು ಎದ್ದು ಹೋದರು ಎಂಬುದು ಮಾತ್ರ. ಆದ್ದರಿಂದ ಘಟನೆಗಿಂತ ಪಾತ್ರವನ್ನೇ ನೆಚ್ಚಿದ ಸಿನಿಮಾದಲ್ಲಿ, ಪುಸ್ತಕದಲ್ಲಿ ಒಮ್ಮೆ ಹುಟ್ಟಿದ ಪಾತ್ರ ಇನ್ನೊಮ್ಮೆ ಹುಟ್ಟಬೇಕು. ಆ ಎರಡನೆಯ ಹುಟ್ಟು ಚಿತ್ರಕಥೆಯಲ್ಲಿ ಆಗುತ್ತದೆ.

'ಗುಲಾಬಿ ಟಾಕೀಸ್' ನೋಡಿ. ವೈದೇಹಿಯವರ ಕಥೆಯಲ್ಲಿರುವುದು ಊರಿಗೆ ಹೊಸದಾಗಿ ಬಂದ ಟಾಕೀಸು, ಅಲ್ಲಿ ಗೇಟು ಕಾಯಲು ಸೇರುವ ಸೂಲಗಿತ್ತಿ ಲಿಲ್ಲಿಬಾಯಿ. 2008ರ ಸಿನಿಮಾದಲ್ಲಿ ಆಕೆ ಗುಲಾಬಿ, ಕರಾವಳಿಯ ಮೀನುಗಾರರ ನಡುವೆ ಬದುಕುವ, ಗಂಡ ಬಿಟ್ಟುಹೋದ ಮುಸ್ಲಿಂ ಹೆಂಗಸು. ಕಾಲ ಕಾರ್ಗಿಲ್ ಯುದ್ಧದ ಆಸುಪಾಸಿನದು. ಕಷ್ಟದ ಹೆರಿಗೆಯೊಂದನ್ನು ಮಾಡಿಸಿದ್ದಕ್ಕೆ ಡಿಶ್ ಸಮೇತ ಟಿವಿ ಅವಳ ಗುಡಿಸಲಿಗೆ ಬರುತ್ತದೆ. ನೋಡಲು ಕೇರಿಯ ಹೆಂಗಸರು ಬರುತ್ತಾರೆ. ಕೆಲವರು ಒಳಗೆ ಬಂದು ಕೂರುತ್ತಾರೆ, ಕೆಲವರು ಹೊರಗೇ ನಿಂತು ನೋಡುತ್ತಾರೆ, ಕೆಲವರು ಅತ್ತ ಸುಳಿಯುವುದೂ ಇಲ್ಲ. ಕೋಮುಗಳ ನಡುವೆ ಬೆಳೆಯುತ್ತಿರುವ ಬಿರುಕನ್ನು ಹೇಳಲು ಇಲ್ಲಿ ಭಾಷಣ ಬೇಕಾಗಿಲ್ಲ, ಒಂದು ಹೊಸ್ತಿಲು ಸಾಕಾಗಿದೆ. ಉಮಾಶ್ರೀಯವರಿಗೆ ರಾಷ್ಟ್ರಪ್ರಶಸ್ತಿ ತಂದ ಗುಲಾಬಿ ವೈದೇಹಿಯವರ ಬೀಜದಿಂದ ಮೊಳೆತವಳು ಹೌದು. ಆದರೆ ಆ ಹೊಸ್ತಿಲನ್ನು ಕಟ್ಟಿದ್ದು ಚಿತ್ರಕಥೆ.

'ದ್ವೀಪ'ದ ನಾಗಿಯೂ ಹಾಗೆಯೇ. ಅಣೆಕಟ್ಟಿನ ಹಿನ್ನೀರು ಏರುತ್ತಿದೆ, ಊರು ಖಾಲಿಯಾಗಿದೆ. ಸೌಂದರ್ಯ ಅಭಿನಯಿಸಿದ ನಾಗಿ ಮನೆ, ದನಕರುಗಳನ್ನು ಉಳಿಸಿಕೊಳ್ಳಲು ಮಳೆಯಲ್ಲಿ ಹೆಣಗುತ್ತಾಳೆ. ಕೊನೆಗೆ ಎಲ್ಲ ಉಳಿದಾಗ ಗಂಡ ಗಣಪ ಅದನ್ನು ದೇವರ ಲೆಕ್ಕಕ್ಕೆ ಬರೆಯುತ್ತಾನೆ. ಮುಳುಗಡೆಯ ಕಥೆ ಆ ಕ್ಷಣದಲ್ಲಿ ಒಂದು ಮನೆಯೊಳಗಿನ ಕಥೆಯಾಗುತ್ತದೆ: ನೀರು ಇಳಿದರೂ ಈ ಹೆಂಗಸಿನ ದುಡಿಮೆ ಮುಳುಗಿಯೇ ಇರುತ್ತದೆ.

ಹಾಗಾದರೆ ಬದಲಿಸುವುದೇ ದೊಡ್ಡತನವೇ? ಅಲ್ಲ. ತೇಜಸ್ವಿಯವರ 'ತಬರನ ಕಥೆ'ಯಲ್ಲಿ ನಡೆಯುವುದನ್ನು ಒಂದು ವಾಕ್ಯದಲ್ಲಿ ಹೇಳಬಹುದು: ನಿವೃತ್ತ ಜವಾನನೊಬ್ಬ ಪಿಂಚಣಿಗಾಗಿ ಅಲೆಯುತ್ತಾನೆ, ಹೆಂಡತಿ ಕಾಲು ಕೊಳೆತು ಸಾಯುತ್ತಾಳೆ. 1986ರ ಚಿತ್ರ ಇದನ್ನು ತಿರುಗಿಸಲು ಹೋಗುವುದಿಲ್ಲ. ಅದು ಹಿಡಿಯುವುದು ಸರ್ಕಾರದ ಮೇಲೆ ತಬರನಿಗಿರುವ ನಂಬಿಕೆಯನ್ನು. ಚಾರುಹಾಸನ್ ಅವರ ತಬರ ಅರ್ಜಿ ಹಿಡಿದು ಮತ್ತೆ ಮತ್ತೆ ಮೆಟ್ಟಿಲು ಹತ್ತುವುದು ದಡ್ಡತನದಿಂದಲ್ಲ, ಜೀವಮಾನವೆಲ್ಲ ತಾನೂ ಆ ಸರ್ಕಾರದ ಒಂದು ತುಣುಕಾಗಿದ್ದೆ ಎಂಬ ಹೆಮ್ಮೆಯಿಂದ. ಆ ಹೆಮ್ಮೆ ಒಡೆಯುವುದೇ ಚಿತ್ರದ ದುರಂತ. ಎಲ್ಲಿ ಬದಲಿಸಬೇಕು, ಎಲ್ಲಿ ಕೈ ಕಟ್ಟಿ ನಿಲ್ಲಬೇಕು ಎಂಬ ಈ ವಿವೇಕವೇ ಬರೆದು ನಿರ್ದೇಶಿಸುವವನ ಬಂಡವಾಳ.

ಇಂಥ ಬರವಣಿಗೆಗೆ ಸಮಯ ಬೇಕು. 'ಘಟಶ್ರಾದ್ಧ'ದ 1977ರಿಂದ 'ಇಲ್ಲಿರಲಾರೆ ಅಲ್ಲಿಗೆ ಹೋಗಲಾರೆ'ಯ 2020ರವರೆಗೆ, ನಲವತ್ತಕ್ಕೂ ಹೆಚ್ಚು ವರ್ಷಗಳಲ್ಲಿ ಕಾಸರವಳ್ಳಿಯವರು ಮಾಡಿದ ಕಥಾಚಿತ್ರಗಳು ಹದಿನೈದರ ಆಸುಪಾಸು. ಅವುಗಳಲ್ಲಿ 'ಘಟಶ್ರಾದ್ಧ', 'ತಬರನ ಕಥೆ', 'ತಾಯಿ ಸಾಹೇಬ', 'ದ್ವೀಪ' ಈ ನಾಲ್ಕಕ್ಕೆ ಸ್ವರ್ಣಕಮಲ ಬಂದಿದೆ. ಚಿತ್ರಗಳ ಎಣಿಕೆಯಿಂದ ವೃತ್ತಿಜೀವನವನ್ನು ಅಳೆಯುವವರಿಗೆ ಇದು ಕಡಿಮೆ ಎನಿಸೀತು. ತಬರ, ನಾಗಿ, ಗುಲಾಬಿ ನಮ್ಮ ನೆರೆಹೊರೆಯವರ ಹಾಗೆ ಇನ್ನೂ ನೆನಪಿನಲ್ಲಿ ಓಡಾಡುತ್ತಿರುವುದನ್ನು ಕಂಡವರಿಗೆ ಎನಿಸದು.

ನಮ್ಮಲ್ಲಿ ನಾಟಕವನ್ನು ಸಾಹಿತ್ಯವೆಂದು ಓದುತ್ತೇವೆ, ಪಾಠ ಮಾಡುತ್ತೇವೆ. ಚಿತ್ರಕಥೆಗೂ ಆ ಮರ್ಯಾದೆ ಸಲ್ಲಬೇಕು. ಅದು ಅಚ್ಚಾಗಬೇಕು, ತರಗತಿಗೆ ಬರಬೇಕು. ಬರೆಯುವವನಿಗೆ ನಿರ್ಮಾಪಕರು ಮೊದಲು ಕೊಡಬೇಕಾದದ್ದು ಸಮಯ, ಆಮೇಲೆ ಸಂಭಾವನೆ. ಓದುಗರಲ್ಲಿ ನನ್ನ ಕೋರಿಕೆ ಚಿಕ್ಕದು. ಒಂದು ಸಂಜೆ ವೈದೇಹಿಯವರ ಕಥೆ ಓದಿ, ಮರುದಿನ 'ಗುಲಾಬಿ ಟಾಕೀಸ್' ನೋಡಿ. ಲಿಲ್ಲಿಬಾಯಿ ಮತ್ತು ಗುಲಾಬಿಯ ನಡುವೆ ಎಷ್ಟು ದೂರವಿದೆಯೋ, ಒಬ್ಬ ಚಿತ್ರಕಥೆಗಾರನ ದುಡಿಮೆ ಅಷ್ಟು.