ಮಳೆಯಂಗಿ ಕೊಟ್ಟ ದೊರೆ

ನಮ್ಮ ಗೆಳೆಯರಲ್ಲಿ ಕೆಲವರಿಗೆ ಒಂದು ಕೆಟ್ಟ ಅಭ್ಯಾಸವಿದೆ. ತಮಿಳುನಾಡಿನ ರಾಜಕೀಯದ ಮಾತು ಬಂದೊಡನೆ ನಕ್ಕು, "ಅವರ ಮಾತು ಬಿಡಿ, ಮುಖಕ್ಕೆ ಬಣ್ಣ ಹಚ್ಚಿದವನಿಗೆಲ್ಲ ಓಟು ಹಾಕುವ ಜನ" ಎಂದುಬಿಡುತ್ತಾರೆ. ಇನ್ನು ಕೆಲವರಿದ್ದಾರೆ. ಎಂ. ಜಿ. ರಾಮಚಂದ್ರನ್ ಅವರ ಹೆಸರೆತ್ತಿದರೆ ಸಾಕು, "ಬಡವರ ಬಂಧು, ಕಲಿಯುಗದ ಕರ್ಣ" ಎಂದು ಕೈಮುಗಿಯುತ್ತಾರೆ. ಮೊದಲಿನವರು ಜನರನ್ನು ಮೂರ್ಖರೆನ್ನುತ್ತಾರೆ. ಎರಡನೆಯವರು ಜನರನ್ನು ಭಿಕ್ಷುಕರನ್ನಾಗಿ ಮಾಡುತ್ತಾರೆ. ಇಬ್ಬರೂ ಜನರಿಗೆ ಅನ್ಯಾಯ ಮಾಡುವವರೇ. ನಟನಾಗಿ ಬಂದು, ನಿರ್ದೇಶಕನಾಗಿ ಮೂರು ಚಿತ್ರ ತೆಗೆದು, ಹತ್ತು ವರ್ಷ ಒಂದು ರಾಜ್ಯವನ್ನಾಳಿದ ಈ ವ್ಯಕ್ತಿಯ ಲೆಕ್ಕವನ್ನು ನಗೆಯಿಂದಲೂ ಮುಗಿಸಬಾರದು, ನಮಸ್ಕಾರದಿಂದಲೂ ಮುಗಿಸಬಾರದು. ಜಮಾ ಖರ್ಚು ಎರಡನ್ನೂ ಬರೆದು ನೋಡಬೇಕು.

ಈ ಲೇಖಕನು ಮಾಸ್ತರಿಕೆ ಮಾಡುತ್ತಿದ್ದ ಕಾಲದಲ್ಲಿ ಶಾಲೆಯ ಪಕ್ಕದಲ್ಲೊಂದು ಕಟ್ಟಡ ಏಳುತ್ತಿತ್ತು. ಧರ್ಮಪುರಿಯ ಕಡೆಯಿಂದ ಬಂದ ಕೂಲಿಯ ಮುದುಕನೊಬ್ಬ ತಗಡಿನ ಗುಡಿಸಲಲ್ಲಿದ್ದ. ಒಳಗೆ ದೇವರ ಪಟವೊಂದು, ಅದರ ಪಕ್ಕದಲ್ಲಿ ಬಿಳಿ ತುಪ್ಪುಳದ ಟೋಪಿ, ಕಪ್ಪು ಕನ್ನಡಕದ ಎಂ.ಜಿ.ಆರ್. ಪಟವೊಂದು. "ಇವರು ನಿನಗೇನು ಕೊಟ್ಟರಪ್ಪಾ?" ಎಂದು ಕೇಳಿದೆ. ಆತ ಹೇಳಿದ ಮಾತು ಇಷ್ಟು: "ಕೊಟ್ಟಿದ್ದು ಬಿಡಿ ಸಾರ್. ನಮ್ಮೂರಿನಲ್ಲಿ ಗೌಡನಿಗೆ ಎದುರು ನಿಂತು ಹೊಡೆದವರು ಯಾರೂ ಇರಲಿಲ್ಲ. ಅವರು ಹೊಡೆದರು." ಹೊಡೆದದ್ದು ಪರದೆಯ ಮೇಲೆ ಎಂಬುದು ಅವನಿಗೆ ಗೊತ್ತಿರಲಿಲ್ಲವೇ? ಚೆನ್ನಾಗಿ ಗೊತ್ತಿತ್ತು. ಆದರೆ ಪರದೆಯ ಹೊರಗೆ ಹೊಡೆಯುವವರು ಅವನ ಊರಿಗೆ ಬಂದಿರಲೇ ಇಲ್ಲ. ಅವನನ್ನು ನೋಡಿ ನಗುವವರು ಮೊದಲು ಇದಕ್ಕೆ ಉತ್ತರ ಹೇಳಲಿ.

ರಾಮಚಂದ್ರನ್ ಹುಟ್ಟಿದ್ದು 1917ರಲ್ಲಿ, ಸಿಂಹಳದ ಕ್ಯಾಂಡಿಯ ಬಳಿ. ಮಲೆಯಾಳಿ ಮನೆತನ. ತಂದೆ ಬೇಗ ತೀರಿಕೊಂಡರು. ತಾಯಿ ಮಕ್ಕಳನ್ನು ಕಟ್ಟಿಕೊಂಡು ಕುಂಭಕೋಣಕ್ಕೆ ಬಂದರು. ಹೊಟ್ಟೆಗಿಲ್ಲದ ಮನೆಯ ಹುಡುಗ ಶಾಲೆ ಬಿಟ್ಟು ನಾಟಕದ ಬಾಯ್ಸ್ ಕಂಪೆನಿ ಸೇರಿದ. 1936ರಲ್ಲಿ 'ಸತಿ ಲೀಲಾವತಿ'ಯಲ್ಲಿ ಸಣ್ಣದೊಂದು ಪಾತ್ರ ಸಿಕ್ಕಿತು. ನಾಯಕನಾಗಲು 1947ರ 'ರಾಜಕುಮಾರಿ'ಯವರೆಗೆ ಕಾಯಬೇಕಾಯಿತು. ಹನ್ನೊಂದು ವರ್ಷ ಸ್ಟುಡಿಯೋದ ಬಾಗಿಲು ಕಾದವನಿಗೆ ಹಸಿವೆಂದರೇನು, ಅವಮಾನವೆಂದರೇನು ಎಂಬುದು ಪುಸ್ತಕದಿಂದ ಬಂದ ಜ್ಞಾನವಲ್ಲ. ಇದನ್ನು ಜಮೆಯ ಕಡೆಗೇ ಬರೆಯೋಣ.

1958ರಲ್ಲಿ ಅವರು ಸ್ವಂತ ಕಂಪೆನಿಯಿಂದ 'ನಾಡೋಡಿ ಮನ್ನನ್' ತೆಗೆದರು. ನಿರ್ಮಾಪಕ, ನಿರ್ದೇಶಕ, ನಾಯಕ, ಪ್ರತಿನಾಯಕನಂತೆ ಎರಡನೆಯ ನಾಯಕ, ಎಲ್ಲವೂ ಅವರೇ. ಅರ್ಧ ಕಪ್ಪುಬಿಳುಪು, ಉಳಿದದ್ದು ಬಣ್ಣ. ಆ ಬಣ್ಣದ ಭಾಗದಲ್ಲಿ ನಮ್ಮ ಬೆಂಗಳೂರಿನ ಬಿ. ಸರೋಜಾದೇವಿ ಕಾಣಿಸಿಕೊಂಡು ತಮಿಳುನಾಡಿನಲ್ಲಿ ಮನೆಮಾತಾದರು. ಚಿತ್ರ ಗೆದ್ದರೆ ತಾನು ದೊರೆ, ಸೋತರೆ ಅಲೆಮಾರಿ ಎಂದು ರಾಮಚಂದ್ರನ್ ಹೇಳಿದ ಮಾತು ಪ್ರಸಿದ್ಧವಾಗಿದೆ. ಚಿತ್ರ ಗೆದ್ದಿತು.

ಕಥೆ ಏನು? ವೀರಾಂಗನೆಂಬ ಸಾಮಾನ್ಯ ಮನುಷ್ಯ, ಅರಸೊತ್ತಿಗೆಗೆ ವಿರೋಧಿ. ಅವನ ಮುಖ ಮಾತ್ರ ಆ ನಾಡಿನ ದೊರೆಯ ಮುಖದಂತೆಯೇ ಇದೆ. ಕುತಂತ್ರಿಗಳ ಕೈಯಿಂದ ರಾಜ್ಯವನ್ನುಳಿಸಲು ಅವನೇ ದೊರೆಯ ವೇಷದಲ್ಲಿ ಸಿಂಹಾಸನವೇರುತ್ತಾನೆ, ಬಡವರ ಪರವಾಗಿ ಒಂದರ ಮೇಲೊಂದು ಕಾನೂನು ಹೊರಡಿಸುತ್ತಾನೆ. ಚಿತ್ರಮಂದಿರ ಚಪ್ಪಾಳೆಯಿಂದ ನಡುಗಿತೆಂದರೆ ಆಶ್ಚರ್ಯವಿಲ್ಲ. ಅದುವರೆಗೆ ತೆರೆಯ ಮೇಲಿನ ಬಡವ ಅಳುತ್ತಿದ್ದ, ಇಲ್ಲವೆ ಸಾಯುತ್ತಿದ್ದ. ಇಲ್ಲಿ ಅವನು ಆಜ್ಞೆ ಮಾಡಿದ.

ಆದರೆ ವಾಚಕರು ಒಂದು ಸಂಗತಿಯನ್ನು ಗಮನಿಸಬೇಕು. ಬಡವನು ಸಿಂಹಾಸನಕ್ಕೇರಿದ್ದು ಬಡವರು ಒಟ್ಟಾಗಿ ಬಾಗಿಲು ಮುರಿದುದರಿಂದಲ್ಲ. ಅವನಿಗೆ ದೊರೆಯ ಮುಖವಿದ್ದುದರಿಂದ! ಕೊನೆಗೆ ನಿಜವಾದ ದೊರೆಯನ್ನು ಸೆರೆಯಿಂದ ಬಿಡಿಸಿ ತರುವವನೂ ಅವನೇ. ಊರಿನ ಉಳಿದ ಬಡವರಿಗೆ ಚಿತ್ರದಲ್ಲಿ ಏನು ಕೆಲಸ? ಸಾಲಾಗಿ ನಿಲ್ಲುವುದು, ಜಯಕಾರ ಹಾಕುವುದು. ಈ ಒಂದು ಅಂಶವನ್ನು ನೆನಪಿನಲ್ಲಿಡಿ. ಮುಂದಿನ ಮೂವತ್ತು ವರ್ಷ ನಡೆದದ್ದೆಲ್ಲ ಇದೇ ಕಥೆ.

ಆಗಲೇ ಅವರು ದ್ರಾವಿಡ ಮುನ್ನೇತ್ರ ಕಳಗದಲ್ಲಿದ್ದರು, 1953ರಲ್ಲಿ ಸೇರಿದ್ದರು. ಅವರ ಕಂಪೆನಿಯ ಮುದ್ರೆಯೇ ಒಬ್ಬ ಗಂಡಸು ಒಬ್ಬ ಹೆಂಗಸು ಪಕ್ಷದ ಬಾವುಟ ಹಿಡಿದು ನಿಂತ ಚಿತ್ರ. 1967ರ ಜನವರಿಯಲ್ಲಿ ಸಹನಟ ಎಂ. ಆರ್. ರಾಧಾ ಅವರಿಗೆ ಗುಂಡು ಹೊಡೆದರು. ಕುತ್ತಿಗೆಗೆ ಪಟ್ಟಿ ಕಟ್ಟಿದ ಅವರ ಚಿತ್ರ ಗೋಡೆಗೋಡೆಗೂ ಅಂಟಿತು. ಪಕ್ಷ ಅಧಿಕಾರಕ್ಕೆ ಬಂತು, ಅವರೂ ಪರಂಗಿಮಲೆಯಿಂದ ಗೆದ್ದರು. 1972ರಲ್ಲಿ ಪಕ್ಷ ಅವರನ್ನು ಹೊರಹಾಕಿದಾಗ ಲೆಕ್ಕ ಕೇಳಿದ್ದೇ ನನ್ನ ತಪ್ಪು ಎಂದರು, ಅಣ್ಣಾದುರೈಯವರ ಹೆಸರಿನಲ್ಲಿ ಹೊಸ ಪಕ್ಷ ಕಟ್ಟಿದರು, 1977ರಲ್ಲಿ ಮುಖ್ಯಮಂತ್ರಿಯಾದರು. ವಿಚಾರವಾದದ ಪಕ್ಷದಲ್ಲಿ ಬೆಳೆದವರು ನಮ್ಮ ಕೊಲ್ಲೂರಿನ ಮೂಕಾಂಬಿಕೆಗೆ ಖಡ್ಗವನ್ನು ಕಾಣಿಕೆಯಾಗಿ ಒಪ್ಪಿಸಿದ್ದೂ ಉಂಟು. ಭಕ್ತಿ ಅವರವರದು, ಅದಕ್ಕೆ ನಮ್ಮ ತಕರಾರಿಲ್ಲ. ಆದರೆ ಆ ಪಕ್ಷದಲ್ಲಿ ಸಿದ್ಧಾಂತವೆಂಬುದು ಒಬ್ಬ ಮನುಷ್ಯನ ಮುಖದ ಹಿಂದೆ ಎಷ್ಟು ಬೇಗ ಮರೆಯಾಯಿತೆಂಬುದಕ್ಕೆ ಅದೊಂದು ಗುರುತು.

ಈಗ ರಿಕ್ಷಾದವರ ಮಾತಿಗೆ ಬರೋಣ. ಮದರಾಸಿನ ಬೀದಿಗಳಲ್ಲಿ ಮನುಷ್ಯ ಮನುಷ್ಯನನ್ನು ಎಳೆಯುತ್ತಿದ್ದ ಕಾಲ. ಮಳೆಯಲ್ಲಿ ನೆನೆದು ರಿಕ್ಷಾ ಎಳೆಯುವವರನ್ನು ಕಂಡು ರಾಮಚಂದ್ರನ್ ತಮ್ಮ ಹಣದಿಂದ ಅವರಿಗೆಲ್ಲ ಮಳೆಯಂಗಿ ಕೊಡಿಸಿದರು. ಒಳ್ಳೆಯ ಮನಸ್ಸಿನ ಕೆಲಸ. ಎಷ್ಟೋ ಜನ ಸಿರಿವಂತರು ಅದೇ ರಿಕ್ಷಾದಲ್ಲಿ ಕೊಡೆ ಹಿಡಿದು ಕುಳಿತು ಹೋಗುತ್ತಿದ್ದರು, ಅವರಿಗೆ ಈ ಬುದ್ಧಿ ಬರಲಿಲ್ಲ. 1971ರಲ್ಲಿ 'ರಿಕ್ಷಾಕಾರನ್' ಬಂತು, ಅದರ ನಟನೆಗೆ ರಾಷ್ಟ್ರಪ್ರಶಸ್ತಿಯೂ ಬಂತು. ಆದರೆ ಕೇಳುತ್ತೇನೆ: ಮಳೆಯಂಗಿ ತೊಟ್ಟ ಮೇಲೆ ಆ ಮನುಷ್ಯ ಏನು ಮಾಡಿದ? ರಿಕ್ಷಾ ಎಳೆದ. ನೆನೆಯದೆ ಎಳೆದ, ಅಷ್ಟೇ. ಅವನ ಹೆಗಲಿನ ನೊಗ ಇಳಿದದ್ದು 1973ರಲ್ಲಿ ಕೈಯಿಂದೆಳೆಯುವ ರಿಕ್ಷಾವನ್ನೇ ಸರ್ಕಾರ ರದ್ದು ಮಾಡಿದಾಗ. ಆ ಸರ್ಕಾರ ಕರುಣಾನಿಧಿಯವರದು. ಅದರ ಬೇರೆ ಪಾಪಗಳ ಪಟ್ಟಿ ಬೇಕಾದಷ್ಟಿದೆ, ಇಲ್ಲಿ ಅದು ಪ್ರಸ್ತುತವಲ್ಲ. ಮಳೆಯಂಗಿ ಕೊಟ್ಟವನ ಪಟ ಗೋಡೆಯ ಮೇಲಿದೆ. ನೊಗ ಇಳಿಸಿದ ಕಾನೂನಿಗೆ ಪಟವಿಲ್ಲ. ದಾನ ಮತ್ತು ಹಕ್ಕು ಇವುಗಳ ನಡುವಿನ ವ್ಯತ್ಯಾಸ ಇದೇ. ದಾನಕ್ಕೆ ಮುಖವುಂಟು, ಹಕ್ಕಿಗಿಲ್ಲ.

ನಿರ್ದೇಶಕನಾಗಿ ಅವರ ಎರಡನೆಯ ಚಿತ್ರ 1973ರ 'ಉಲಗಂ ಸುಟ್ರುಂ ವಾಲಿಬನ್'. ಮತ್ತೆ ದ್ವಿಪಾತ್ರ, ಒಬ್ಬ ವಿಜ್ಞಾನಿ, ಅವನನ್ನು ಕಾಪಾಡುವ ತಮ್ಮ. ಹಾಂಗ್‌ಕಾಂಗ್, ಬ್ಯಾಂಕಾಕ್, ಜಪಾನು, ಒಸಾಕದ ಪ್ರದರ್ಶನ ಎಲ್ಲವೂ ಅದರಲ್ಲಿವೆ. ಗದ್ದೆ ಕೂಲಿಯವನು ಮಾತ್ರ ಕೊಟ್ಟಿಗೆಯಲ್ಲೇ ಉಳಿದ. ಮೂರನೆಯದು 'ಮದುರೈಯೈ ಮೀಟ್ಟ ಸುಂದರಪಾಂಡಿಯನ್'. ಕನ್ನಡದಲ್ಲಿ 'ಸ್ಕೂಲ್ ಮಾಸ್ಟರ್', 'ಕಿತ್ತೂರು ಚೆನ್ನಮ್ಮ' ತೆಗೆದ ಬಿ. ಆರ್. ಪಂತುಲು ಇದನ್ನು ಆರಂಭಿಸಿ 1974ರಲ್ಲಿ ತೀರಿಕೊಂಡರು, ರಾಮಚಂದ್ರನ್ ಮುಗಿಸಿದರು. ತೆರೆಗೆ ಬಂದಾಗ 1978. ಅವರು ಆಗಲೇ ಮುಖ್ಯಮಂತ್ರಿ. ಇಲ್ಲಿ ವೀರಾಂಗನಿಲ್ಲ, ಅಲೆಮಾರಿಯಿಲ್ಲ. ಹುಟ್ಟಿನಿಂದಲೇ ರಾಜವಂಶದವನು ಕಳೆದುಕೊಂಡ ರಾಜಧಾನಿಯನ್ನು ಗೆದ್ದುಕೊಳ್ಳುತ್ತಾನೆ. ಮೊದಲ ಚಿತ್ರದಲ್ಲಿ ದೊರೆಯ ವೇಷ ಹಾಕಿದ ಬಡವ, ಕೊನೆಯದರಲ್ಲಿ ದೊರೆಯೇ! ಇವರ ರಾಜಕೀಯ ಚರಿತ್ರೆಯನ್ನು ವಿರೋಧಿಗಳು ಬರೆಯಬೇಕಾಗಿಲ್ಲ. ತಾವೇ ನಿರ್ದೇಶಿಸಿ ತೋರಿಸಿದ್ದಾರೆ.

ಸಿಂಹಾಸನದ ಮೇಲೆ ಕುಳಿತಾಗ ಹೊರಟ ಆಜ್ಞೆಗಳು ಯಾವುವು? ತೆರೆಯ ಮೇಲೆ ಅವರು ಹೆಂಡ ಮುಟ್ಟುತ್ತಿರಲಿಲ್ಲ. ತಾಯಂದಿರು ಅವರನ್ನು ಮೆಚ್ಚಿದ್ದಕ್ಕೆ ಅದೂ ಒಂದು ಕಾರಣ. 1981ರಲ್ಲಿ ಅವರ ಸರ್ಕಾರವೇ ಪಾನನಿರೋಧವನ್ನು ಸಡಿಲಿಸಿ ಸಾರಾಯಿ, ಶೇಂದಿ ಅಂಗಡಿಗಳನ್ನು ತೆರೆಯಿತು. 1983ರಲ್ಲಿ ಮದ್ಯದ ಸಗಟು ವ್ಯಾಪಾರಕ್ಕೆ ಸರ್ಕಾರಿ ನಿಗಮ ಹುಟ್ಟಿತು. ಅದೇ ಟಾಸ್ಮಾಕ್, 2003ರಲ್ಲಿ ಚಿಲ್ಲರೆ ಅಂಗಡಿಗಳೂ ಅದರ ಕೈಗೆ ಬಂದವು. 1987ರಲ್ಲಿ ಸಾರಾಯಿ ಶೇಂದಿಗಳನ್ನು ಮತ್ತೆ ನಿಲ್ಲಿಸಿದರು ನಿಜ, ನಿಗಮ ಮಾತ್ರ ನಿಲ್ಲಲಿಲ್ಲ. ಕೂಲಿಯವನ ಸಂಜೆಯ ದುಡ್ಡು ಬೊಕ್ಕಸಕ್ಕೆ ಹರಿಯುವ ಕಾಲುವೆಯನ್ನು ತೋಡಿದ್ದು ತೆರೆಯ ಮೇಲೆ ಹೆಂಡ ಮುಟ್ಟದ ನಾಯಕ. 1982ರಲ್ಲಿ ವಿಚಾರಣೆಯಿಲ್ಲದೆ ಸೆರೆಯಲ್ಲಿಡುವ ಗೂಂಡಾ ಕಾಯಿದೆ ಬಂತು. ಅದರ ಪಟ್ಟಿಯಲ್ಲಿ ಮೊದಲ ಹೆಸರೇ ಕಳ್ಳಹೆಂಡದವರದು! 1980ರಲ್ಲಿ ಉತ್ತರ ಆರ್ಕಾಟ್, ಧರ್ಮಪುರಿ ಜಿಲ್ಲೆಗಳಲ್ಲಿ ನಕ್ಸಲೀಯರೆಂಬ ಹೆಸರಿನಲ್ಲಿ ಯುವಕರು ಪೋಲೀಸರ ಗುಂಡಿಗೆ ಬಲಿಯಾದರು. ಜಮೀನುದಾರನಿಗೆ ಎದುರು ನಿಲ್ಲುವುದನ್ನು ತೆರೆಯ ಮೇಲೆ ಕಲಿಸಿದವರ ಸರ್ಕಾರದಲ್ಲಿ, ಊರಿನಲ್ಲಿ ಎದುರು ನಿಂತವರಿಗೆ ದೊರೆತ ಬಹುಮಾನ ಅದು. 1987ರಲ್ಲಿ ಮಂತ್ರಿಗಳನ್ನು, ಶಾಸಕರನ್ನು ಹಾಸ್ಯ ಮಾಡಿದ ವ್ಯಂಗ್ಯಚಿತ್ರವೊಂದಕ್ಕಾಗಿ 'ಆನಂದ ವಿಕಟನ್' ಸಂಪಾದಕರಿಗೆ ವಿಧಾನಸಭೆ ಮೂರು ತಿಂಗಳ ಶಿಕ್ಷೆ ವಿಧಿಸಿತು.

ಹಾಗಾದರೆ ಜನರು ಯಾವಾಗಲೂ ಕಣ್ಣು ಮುಚ್ಚಿಯೇ ಇದ್ದರೇ? ಇಲ್ಲ! 1979ರಲ್ಲಿ ಅವರ ಸರ್ಕಾರ ಹಿಂದುಳಿದ ವರ್ಗಗಳ ಮೀಸಲಾತಿಗೆ ವರ್ಷಕ್ಕೆ 9,000 ರೂಪಾಯಿ ವರಮಾನದ ಮಿತಿ ಹಾಕಿತು. 1980ರ ಲೋಕಸಭಾ ಚುನಾವಣೆಯಲ್ಲಿ 39 ಸ್ಥಾನಗಳ ಪೈಕಿ ಅವರ ಪಕ್ಷಕ್ಕೆ ಸಿಕ್ಕಿದ್ದು ಎರಡೇ ಎರಡು. ದೊರೆಗೆ ಕೂಡಲೇ ಎಚ್ಚರವಾಯಿತು. ಮಿತಿ ಹೋಯಿತು, ಮೀಸಲಾತಿ ಶೇಕಡಾ 31ರಿಂದ 50ಕ್ಕೆ ಏರಿತು. ಬಣ್ಣಕ್ಕೆ ಮರುಳಾದವರೆಂದು ನಮ್ಮವರು ನಗುವ ಅದೇ ಜನ ಈ ಪೆಟ್ಟು ಕೊಟ್ಟದ್ದು. ಅವರ ಹತ್ತು ವರ್ಷದ ಆಳ್ವಿಕೆಯಲ್ಲಿ ಗಟ್ಟಿಯಾಗಿ ಉಳಿದ ಲಾಭಗಳಲ್ಲಿ ಇದೊಂದು. ಇದು ಕೊಟ್ಟದ್ದಲ್ಲ, ಪಡೆದದ್ದು.

ಇನ್ನು ಮಧ್ಯಾಹ್ನದ ಊಟ. ಇಲ್ಲಿ ಈ ಲೇಖಕನು ಟೋಪಿ ತೆಗೆದು ನಿಲ್ಲುತ್ತಾನೆ. ಹಸಿದ ಮಗುವಿಗೆ ಮಗ್ಗಿ ಕಲಿಸಲು ಹೋದವನಿಗೆ ಗೊತ್ತು, ಅದರ ಕಣ್ಣು ಹಲಗೆಯ ಮೇಲಿರುವುದಿಲ್ಲ, ಬಾಗಿಲಿನ ಮೇಲಿರುತ್ತದೆ. ಕಾಮರಾಜರು 1956ರಲ್ಲಿ ಆರಂಭಿಸಿದ್ದ ಕೆಲಸವನ್ನು ರಾಮಚಂದ್ರನ್ 1982ರ ಜುಲೈ 1ರಿಂದ ಸುಮಾರು 60 ಲಕ್ಷ ಮಕ್ಕಳಿಗೆ ಮುಟ್ಟಿಸಿದರು. ದುಡ್ಡು ಎಲ್ಲಿಂದ ಬರುತ್ತದೆಂದು ದೊಡ್ಡ ದೊಡ್ಡ ಪಂಡಿತರು ಕೇಳಿದರು. ಹಸಿವಿನ ರುಚಿ ಕಂಡಿದ್ದ ಮನುಷ್ಯ ಅವರ ಮಾತಿಗೆ ಕಿವಿಗೊಡಲಿಲ್ಲ. ಇದಕ್ಕಾಗಿ ಅವರ ಹೆಸರು ಉಳಿಯುವುದು ನ್ಯಾಯವೇ.

ಆದರೂ ಅದನ್ನು 'ಮುಖ್ಯಮಂತ್ರಿಗಳ' ಊಟವೆಂದೇ ಕರೆದರು, ನಂತರ ಅವರ ಹೆಸರನ್ನೇ ಇಟ್ಟರು. ಮಗು ಉಂಡದ್ದು ನಾಡಿನ ತೆರಿಗೆಯ ಅನ್ನ. ಕೃತಜ್ಞತೆ ಸಂದದ್ದು ಒಂದು ಪಟಕ್ಕೆ. ಅದೇ ಊಟ 2001ರಲ್ಲಿ ಸುಪ್ರೀಂ ಕೋರ್ಟಿನ ಆದೇಶದಿಂದ ದೇಶದ ಸರ್ಕಾರಿ ಪ್ರಾಥಮಿಕ ಶಾಲೆಗಳ ಮಕ್ಕಳಿಗೆಲ್ಲ ಸಲ್ಲಬೇಕಾದ ಬಾಕಿಯಾಯಿತು. 2002ರಲ್ಲಿ ನಮ್ಮಲ್ಲಿ ಅಕ್ಷರ ದಾಸೋಹ ಆರಂಭವಾದದ್ದು ಅದರ ಬೆನ್ನಿಗೆ. ದೊರೆಯ ಮನಸ್ಸು ಮರುಗಿದರೆ ಊಟ ಎಂಬ ಕಾಲ ಹೋಗಿ, ಕೊಡದಿದ್ದರೆ ಕೇಳುತ್ತೇನೆ ಎಂಬ ಕಾಲ ಬಂತು. ಮಳೆಯಂಗಿ ಇಲ್ಲಿ ಹಕ್ಕಾಯಿತು.

1984ರಲ್ಲಿ ಅವರು ಕಾಯಿಲೆಯಿಂದ ಅಮೆರಿಕದ ಆಸ್ಪತ್ರೆಯಲ್ಲಿದ್ದರು. ಪ್ರಚಾರಕ್ಕೆ ಒಂದು ದಿನವೂ ಬರಲಿಲ್ಲ, ಹಾಸಿಗೆಯ ಮೇಲಿನ ಚಿತ್ರವನ್ನು ಊರೂರಲ್ಲಿ ತೋರಿಸಿದರು, ಗೆದ್ದರು. 1987ರ ಡಿಸೆಂಬರ್ 24ರಂದು ತೀರಿಕೊಂಡಾಗ ದುಃಖದಿಂದ ಪ್ರಾಣ ಕಳೆದುಕೊಂಡ ಬಡವರೂ ಇದ್ದರು. ಮುಂದಿನ ವರ್ಷ ಭಾರತರತ್ನ ಬಂತು. ಆಮೇಲೆ ವಿಜಯಕಾಂತ್, ಕಮಲ್ ಹಾಸನ್, ವಿಜಯ್ ಒಬ್ಬರ ಹಿಂದೊಬ್ಬರು ಅದೇ ಹಾದಿ ಹಿಡಿದು ಪಕ್ಷ ಕಟ್ಟಿದರು. ಮುಖ ಬದಲಾಯಿತು, ಚಿತ್ರಕಥೆ ಬದಲಾಗಲಿಲ್ಲ.

ಇದಕ್ಕೆ ನಟರನ್ನು ಬೈದು ಪ್ರಯೋಜನವಿಲ್ಲ. ಧರ್ಮಪುರಿಯ ಆ ಮುದುಕ ತನ್ನ ಪ್ರಾಯದಲ್ಲಿ ಟೆಂಟಿನೊಳಗೆ ನಾಲ್ಕಾಣೆ ಕೊಟ್ಟು ಕುಳಿತಿದ್ದಾಗ ನಾವೆಲ್ಲಿದ್ದೆವು? ನಮ್ಮ ಹಿರಿಯರು ಪಟ್ಟಣದಲ್ಲಿ ನಿರ್ಣಯ ಅಂಗೀಕರಿಸುತ್ತಿದ್ದರು. ನಾವು ಇಂದೂ ಅದನ್ನೇ ಮಾಡುತ್ತಿದ್ದೇವೆ. ಅವನ ಊರಿನ ಬಾವಿಯ ಬಳಿ, ಕೂಲಿಯ ಬಟವಾಡೆಯ ಬಳಿ, ಠಾಣೆಯ ಮೆಟ್ಟಿಲ ಬಳಿ ಅವನ ಪಕ್ಕದಲ್ಲಿ ಒಬ್ಬ ಮನುಷ್ಯ ನಿಂತಿದ್ದರೆ ಪಟಕ್ಕೆ ಅಷ್ಟು ಕೆಲಸವಿರುತ್ತಿರಲಿಲ್ಲ. ಖಾಲಿ ಬಿಟ್ಟ ಜಾಗದಲ್ಲಿ ಯಾರಾದರೊಬ್ಬರು ಬಂದು ಕೂರುತ್ತಾರೆ, ಕುಳಿತವನು ದೊರೆಯಾಗುತ್ತಾನೆ.

ಆದುದರಿಂದ ಗೆಳೆಯರೇ, ಪಟವನ್ನು ಕಿತ್ತೆಸೆಯಲು ಹೋಗಬೇಡಿ. ಪಟವಿರುವ ಗುಡಿಸಲಿಗೆ ಹೋಗಿ ಕುಳಿತುಕೊಳ್ಳಿ. ಕೂಲಿಯ ಚೀಟಿ ತೋರಿಸು ಎನ್ನಿ, ಲೆಕ್ಕ ಮಾಡಿ ಕೊಡಿ, ಬಾಕಿ ಕೇಳಲು ಅವನ ಜೊತೆ ನಡೆಯಿರಿ. ಮಳೆ ಬಂದರೆ ಇಬ್ಬರೂ ನೆನೆಯಿರಿ.