ಹೆಸರಿನ ಅರ್ಥವನ್ನು ಪರೀಕ್ಷಿಸಿರಿ

ಮಾತಾಪಿತೃಗಳು ಮಗುವಿಗೆ ಕೊಡುವ ಕಾಣಿಕೆಗಳಲ್ಲಿ ಹೆಸರೇ ಮೊದಲನೆಯದು. ಆಭರಣವು ಕಳೆಯಬಹುದು, ಉಡುಪು ಹರಿಯಬಹುದು. ಹೆಸರಾದರೋ ಜೀವಮಾನವೆಲ್ಲ ನಿಲ್ಲುವುದು. ಇಂಥ ಕಾಣಿಕೆಯನ್ನು ಆರಿಸುವಾಗ ಈಗಿನ ತಂದೆತಾಯಿಗಳಲ್ಲಿ ಅನೇಕರು ಅಂತರ್ಜಾಲದ ಪಟ್ಟಿಗಳಲ್ಲಿ ಬರೆದ ಅರ್ಥವನ್ನು ಪರೀಕ್ಷಿಸದೆ ಅಂಗೀಕರಿಸುತ್ತಿರುವರು. ಇದು ತಕ್ಕದ್ದಲ್ಲವೆಂದು ನಮ್ಮ ಅಭಿಪ್ರಾಯ.

ಇದರಿಂದಾಗುವ ಹಾನಿಯು ಅಲ್ಪವಲ್ಲ. ಮರಿಯ ಎಂದರೆ ‘ಕಹಿ’ ಎಂದು ಪಟ್ಟಿಯಲ್ಲಿ ಓದಿ, ಅಜ್ಜಿಯ ಹೆಸರನ್ನು ಮೊಮ್ಮಗಳಿಗೆ ಇಡಲು ಹಿಂಜರಿಯುವವರುಂಟು. ಆದರೆ ಪಂಡಿತರಲ್ಲಿ ಈ ವಿಷಯವು ಇನ್ನೂ ತೀರ್ಮಾನವಾಗಿಲ್ಲ. ಇದರ ಇಬ್ರಿಯ ರೂಪವಾದ ಮಿರ್ಯಾಮ ಎಂಬುದಕ್ಕೆ ಕೆಲವರು ಕಹಿಯೆಂಬ ಅರ್ಥವನ್ನು ಹೇಳಿದರೆ, ಬೇರೆ ಕೆಲವರು ‘ಪ್ರಿಯಳು’ ಎಂಬರ್ಥದ ಐಗುಪ್ತ ಶಬ್ದವೇ ಮೂಲವೆನ್ನುವರು. ಅನಿಶ್ಚಿತವಾದುದನ್ನು ನಿಶ್ಚಿತವೆಂದು ನಂಬಿ ಮನೆತನದ ಹೆಸರನ್ನು ಕೈಬಿಡುವುದು ನ್ಯಾಯವೇ?

ಕಿವಿಯೂ ನಮ್ಮನ್ನು ಮೋಸಗೊಳಿಸುವುದುಂಟು. ಅನ್ನಮ್ಮ ಎಂಬ ಹೆಸರನ್ನು ಕೇಳಿದೊಡನೆ ಕನ್ನಡಿಗರಿಗೆ ಊಟದ ಅನ್ನವು ನೆನಪಾಗುವುದು ಸಹಜ. ಆದರೆ ಲೂಕನ ಸುವಾರ್ತೆಯಲ್ಲಿ ಬರುವ ಪ್ರವಾದಿನಿ ಅನ್ನಳ ಹೆಸರು, ಇಬ್ರಿಯರ ಹನ್ನ ಎಂಬುದರ ಗ್ರೀಕ್ ರೂಪ. ಅದರ ಅರ್ಥವು ಕೃಪೆ. ಈಚೆಗೆ ಬಳಕೆಗೆ ಬಂದಿರುವ ಮೈರಾ ಎಂಬುದನ್ನು ಸಂಸ್ಕೃತವೆನ್ನುವವರಿದ್ದಾರೆ. ಅದನ್ನು ಮೊದಲು ಕಲ್ಪಿಸಿ ತನ್ನ ಪದ್ಯಗಳಲ್ಲಿ ಬಳಸಿದವನು ಆಂಗ್ಲ ಕವಿ ಫುಲ್ಕ್ ಗ್ರೆವಿಲ್ (1554–1628). ಕವಿಕಲ್ಪಿತವೆಂಬುದರಿಂದ ಹೆಸರಿಗೆ ಕುಂದಿಲ್ಲ. ಇಲ್ಲದ ಮೂಲವನ್ನು ಅಂಟಿಸುವುದೇ ಕುಂದು.

ಪರೀಕ್ಷಿಸಲು ಮೂರು ಪ್ರಶ್ನೆಗಳು ಸಾಕು. ಹೆಸರು ಯಾವ ಭಾಷೆಯದು? ಆ ಭಾಷೆಯ ಒಳ್ಳೆಯ ನಿಘಂಟಿನಲ್ಲಿ ಆ ಶಬ್ದವೂ ಆ ಅರ್ಥವೂ ಇವೆಯೇ? ಪೂರ್ವದಲ್ಲಿ ಅದನ್ನು ಧರಿಸಿದವರು ಯಾರು? ಕನ್ನಡಕ್ಕೂ ಕನ್ನಡದಲ್ಲಿ ಬೆರೆತ ಸಂಸ್ಕೃತಕ್ಕೂ 1894ರಲ್ಲಿ ಮಂಗಳೂರಿನ ಬಾಸೆಲ್ ಮಿಷನ್ ಮುದ್ರಣಾಲಯದಲ್ಲಿ ಅಚ್ಚಾದ ಕಿಟ್ಟೆಲ್ ಪಂಡಿತರ ನಿಘಂಟಿದೆ. ಸತ್ಯವೇದದ ಹೆಸರುಗಳಿಗೆ ಸತ್ಯವೇದ ನಿಘಂಟುಗಳಿವೆ. ಇಬ್ರಿಯ, ಗ್ರೀಕ್ ಭಾಷೆಗಳನ್ನು ಬಲ್ಲ ಸಭಾಪಾಲಕರನ್ನೂ ಕೇಳಬಹುದು. ಕೆಲವೆಡೆ ಶಾಸ್ತ್ರವೇ ದಾರಿ ತೋರಿಸುವುದು. ಅಪೊಸ್ತಲರ ಕೃತ್ಯಗಳ 9ನೆಯ ಅಧ್ಯಾಯದಲ್ಲಿ ತಬಿಥಾ ಎಂಬ ಅರಾಮ್ಯ ಹೆಸರಿಗೆ ದೊರ್ಕ ಎಂಬ ಗ್ರೀಕ್ ಹೆಸರನ್ನು ಕೊಟ್ಟಿದೆ. ಎರಡಕ್ಕೂ ಜಿಂಕೆಯೆಂದೇ ಅರ್ಥ.

ಆದಾಗ್ಯೂ ಹೆಸರಿನ ಗೌರವವೆಲ್ಲವೂ ಅದರ ಅರ್ಥದಲ್ಲಿಲ್ಲ. ಯೊಪ್ಪದ ವಿಧವೆಯರು ಕಣ್ಣೀರಿಡುತ್ತ ಪೇತ್ರನಿಗೆ ತೋರಿಸಿದ್ದು ದೊರ್ಕಳು ಹೊಲಿದುಕೊಟ್ಟ ಅಂಗಿಗಳನ್ನೇ.

ಪ್ರಿಯ ಸೋದರಿಯರೇ, ನಿಮ್ಮ ಮಗಳು ಒಂದು ದಿನ ತನ್ನ ಹೆಸರಿನ ಅರ್ಥವನ್ನು ಕೇಳದೆ ಇರಳು. ಆಗ ನೀವು ಕೊಡುವ ಉತ್ತರವು ಸತ್ಯವಾಗಿರಲಿ. ಅರ್ಥವು ನಿಶ್ಚಯವಾಗಿ ತಿಳಿಯದಿದ್ದರೆ, ತಿಳಿಯದೆಂದೇ ಹೇಳಿ, ಅದನ್ನು ಧರಿಸಿದ್ದ ಅಜ್ಜಿಯು ಹೇಗೆ ಬಾಳಿದಳೆಂಬುದನ್ನು ಆಕೆಗೆ ತಿಳಿಸಿರಿ.