ಗುಪ್ತಪಂಥ ಬೇಡ, ಒಂದು ನಕ್ಷೆ ಸಾಕು

ಕಾಲ ಮಾರ್ಪಡಿಸಿದ ಸಸ್ಯಗಳನ್ನು ಅಭ್ಯಾಸ ಮಾಡುವವರ ಬಗ್ಗೆ ಕಥೆ ಬರೆಯಿರಿ ಎಂದರೆ ನಮ್ಮ ಕಥೆಗಾರರು ತಕ್ಷಣ ಒಂದು ಗುಪ್ತಪಂಥ ಕಟ್ಟುತ್ತಾರೆ: ಗುಹೆ, ನಿಲುವಂಗಿ, ತಾಳೆಗರಿ, ಸಾವಿಲ್ಲದ ಗುರು. ನನ್ನ ತಕರಾರು ಕಲ್ಪನೆಯ ಮೇಲಲ್ಲ, ಅದರ ಸೋಮಾರಿತನದ ಮೇಲೆ.

ಇಂಥ ಪಂಥ ನಿಜವಾಗಿಯೂ ಇದೆ. 1879ರಲ್ಲಿ ಅಮೆರಿಕದ ಮಿಶಿಗನ್‌ನಲ್ಲಿ ವಿಲಿಯಂ ಜೇಮ್ಸ್ ಬೀಲ್ ಎಂಬ ಪ್ರಾಧ್ಯಾಪಕರು ಮರಳು, ಬೀಜ ತುಂಬಿದ 20 ಬಾಟಲಿಗಳನ್ನು ಕಾಲೇಜಿನ ಆವರಣದಲ್ಲಿ ಹೂತರು. ಪ್ರಶ್ನೆ ರೈತರದ್ದು: ಕಳೆ ಕೀಳುತ್ತಲೇ ಇದ್ದರೆ ಮಣ್ಣಿನಲ್ಲಿರುವ ಅದರ ಬೀಜ ಎಷ್ಟು ವರ್ಷಕ್ಕೆ ಮುಗಿಯುತ್ತದೆ? ಮೊದಲು ಐದು ವರ್ಷಕ್ಕೊಂದು ಬಾಟಲಿ ತೆಗೆದರು, ಆಮೇಲೆ ಹತ್ತಕ್ಕೆ, ಈಗ ಇಪ್ಪತ್ತಕ್ಕೆ. 1924ರಲ್ಲಿ ಬೀಲ್ ತೀರಿಕೊಂಡರು, ಕೆಲಸ ನಿಲ್ಲಲಿಲ್ಲ. 2021ರಲ್ಲಿ ಅವರ ವಾರಸುದಾರರು ನಕ್ಷೆ ಹಿಡಿದು, ಬೀಜಕ್ಕೆ ಬೆಳಕು ತಾಗದಿರಲೆಂದು ಕತ್ತಲಲ್ಲೇ ಅಗೆದರು. 140 ವರ್ಷ ದಾಟಿದ ಬೀಜಗಳಲ್ಲಿ ವರ್ಬ್ಯಾಸ್ಕಂ ಎಂಬ ಕಳೆಗಿಡ ಮೊಳೆಯಿತು. ಇನ್ನು ನಾಲ್ಕು ಬಾಟಲಿ ಉಳಿದಿವೆ. ಕೊನೆಯದರ ಸರದಿ 2100ಕ್ಕೆ.

ಈ ಪಂಥದ ಏಕೈಕ ಮಂತ್ರ ಹ್ಯಾಂಡೋವರ್. ಮೂರು ತಿಂಗಳಲ್ಲಿ ಫಲ ಕಾಣದ ಕೆಲಸಕ್ಕೆ ಬಜೆಟ್ ಸಿಗುವುದಿಲ್ಲವೆಂದು ಪ್ರಾಜೆಕ್ಟ್ ನಡೆಸಿಯೇ ಹೊಟ್ಟೆ ಹೊರೆಯುವ ನನಗೆ ಚೆನ್ನಾಗಿ ಗೊತ್ತು. ಅದಕ್ಕೇ ಈ ಸಿಟ್ಟು. ತಾಳ್ಮೆಯನ್ನು ಕಥೆಯ ಋಷಿಗಳಿಗೆ ಗುತ್ತಿಗೆ ಕೊಟ್ಟು ನಾವು ಕೈತೊಳೆದುಕೊಳ್ಳುತ್ತಿದ್ದೇವೆ. ದೀರ್ಘ ಕೆಲಸಕ್ಕೆ ಚಿರಂಜೀವಿಗಳು ಬೇಕಿಲ್ಲ. ಸಾಯುವವರು ಸರಿಯಾಗಿ ಬರೆದಿಟ್ಟು ಹೋದರೆ ಸಾಕು.

ಮುಂದಿನ ಬಾಟಲಿ 2040ಕ್ಕೆ. ಬರೆಯುವುದಾದರೆ, ಅದನ್ನು ಅಗೆಯಲಿರುವ, ಇನ್ನೂ ಕಾಲೇಜು ಮೆಟ್ಟಿಲು ಹತ್ತದ ಹುಡುಗಿಯ ಕಥೆ ಬರೆಯಿರಿ.